ಗೌಂಡಿಯ ಕಾಗದ

ನಮ್ಮೂರು ನಿಪ್ಪಾಣಿ. ಊರು ಬಿಟ್ಟು ಹೈವೇ ಹಿಡಿದು ಉತ್ತರಕ್ಕೆ ಹೊರಟರೆ ಕೊಗನೊಳ್ಳಿ ಟೋಲ್ ನಾಕಾ, ಅದರ ಆಚೆ ಕಾಗಲ್, ಅಂದರೆ ಮಹಾರಾಷ್ಟ್ರ. ಜವಳಿ ತರಲು, ಹಲ್ಲು ಕೀಳಿಸಲು, ಸಿನಿಮಾ ನೋಡಲು ಕೊಲ್ಲಾಪುರಕ್ಕೆ ಹೋಗಿಬರುವುದು ನಮಗೆ ಪರವೂರಿಗೆ ಹೋದಂತೆ ಅನಿಸುತ್ತಲೇ ಇರಲಿಲ್ಲ. ಈಗ ಹನ್ನೊಂದು ವರ್ಷದಿಂದ ಜರ್ಮನಿಯ ಆಖೆನ್‌ನಲ್ಲಿ ಇದ್ದೇನೆ. ಇಲ್ಲಿಯೂ ಗಡಿ ಅಷ್ಟೇ ಹತ್ತಿರ. ಊರ ಹೊರಗೆ 322 ಮೀಟರ್ ಎತ್ತರದ ಒಂದು ಗುಡ್ಡವಿದೆ, ಅಲ್ಲಿ ಜರ್ಮನಿ, ನೆದರ್ಲ್ಯಾಂಡ್ಸ್, ಬೆಲ್ಜಿಯಂ ಮೂರೂ ಕೂಡುತ್ತವೆ. ಬೆಳಗಾವಿ ಜಿಲ್ಲೆಯವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ: ಒಂದು ಕಡೆ ಕೊಲ್ಲಾಪುರ, ಒಂದು ಕಡೆ ಘಟ್ಟ ಇಳಿದರೆ ಗೋವಾ.

ಊರಿಗೆ ಹೋದಾಗಲೆಲ್ಲ ನಮ್ಮ ಕಾಕಾ ಕೇಳುವುದು ಒಂದೇ ಪ್ರಶ್ನೆ. "ಅಲ್ಲೆ ಗಡಿನ ಇಲ್ಲಂತಲ್ಲೋ ತಮ್ಮಾ? ಯಾರು ಎಲ್ಲಿ ಬೇಕಾದ್ರೂ ಹೋಗಿ ದುಡೀಬಹುದಂತ?" ಹೌದು ಎನ್ನುತ್ತಿದ್ದೆ. ಮೂರು ವರ್ಷದ ಹಿಂದೆ ನಮ್ಮ ಮನೆಯ ಬಚ್ಚಲಿನ ಟೈಲ್ಸ್ ಕಿತ್ತು ಬಂದ ಮೇಲೆ ಹಾಗೆ ಹೇಳುವುದನ್ನು ಬಿಟ್ಟಿದ್ದೇನೆ.

ಟೈಲ್ಸ್ ಹಾಕಲು ಬಂದವನು ಬೆಲ್ಜಿಯಂನ ಆಯ್ಪೆನ್ ಕಡೆಯವನು. ಮೊದಲ ಮಹಾಯುದ್ಧದ ನಂತರ ಜರ್ಮನಿಯಿಂದ ಬೆಲ್ಜಿಯಂಗೆ ಹೋದ ಸೀಮೆ ಅದು, ಮನೆಮಾತು ಇವತ್ತಿಗೂ ಜರ್ಮನ್. ವ್ಯಾನಿನಲ್ಲಿ ಬಂದರೆ ಅರ್ಧ ತಾಸೂ ಹಿಡಿಯದ ದಾರಿ, ಆಗ ಎಲ್ಲಿಯೂ ತಡೆಯುವವರಿರಲಿಲ್ಲ. ಆದರೆ ವ್ಯಾನಿನ ಮುಂದಿನ ಸೀಟಿನ ಮೇಲೆ ಒಂದು ದಪ್ಪ ಫೈಲು. ಚಹಾ ಕೊಟ್ಟು ಏನದು ಎಂದು ಕೇಳಿದೆ. ಒಂದೊಂದೇ ತೆಗೆದು ತೋರಿಸಿದ. ಜರ್ಮನಿಯಲ್ಲಿ ಟೈಲ್ಸ್ ಕೆಲಸವನ್ನು ಸ್ವಂತಕ್ಕೆ ಮಾಡಬೇಕಾದರೆ 'ಮೈಸ್ಟರ್', ಅಂದರೆ ಪರಿಣತ ಕುಶಲಕರ್ಮಿ, ಎಂಬ ಪದವಿ ಬೇಕು. 2004ರಲ್ಲಿ 53 ಕಸುಬುಗಳಿಗೆ ಆ ನಿಯಮ ತೆಗೆದಿದ್ದರು, 2020ರಲ್ಲಿ ಅದರಲ್ಲಿ 12 ಕಸುಬುಗಳಿಗೆ ಮತ್ತೆ ತಂದರು. ಟೈಲ್ಸ್ ಅದರಲ್ಲೊಂದು. ಹೊರದೇಶದವನು ಬಂದು ಹೋಗುವ ಕೆಲಸ ಮಾಡುವುದಾದರೆ ತನ್ನ ಅನುಭವದ ದಾಖಲೆ ಇಟ್ಟು ಇಲ್ಲಿಯ ಕುಶಲಕರ್ಮಿಗಳ ಮಂಡಳಿಗೆ ಮೊದಲೇ ತಿಳಿಸಬೇಕು. ಅದು ಒಂದು ಕಾಗದ. ಇನ್ನೊಂದು ಎ-1. ಈ ಮನುಷ್ಯನ ಪಿಂಚಣಿ, ಆಸ್ಪತ್ರೆ, ಅಪಘಾತದ ಹಣ ಎಲ್ಲದರ ವಂತಿಗೆ ಬೆಲ್ಜಿಯಂನಲ್ಲಿ ಕಟ್ಟಿದೆ, ಇಲ್ಲಿ ಮತ್ತೆ ಕಟ್ಟಬೇಕಿಲ್ಲ ಎಂದು ಅವನ ದೇಶ ಬರೆದುಕೊಟ್ಟ ಪ್ರಮಾಣ. ಒಂದೇ ದಿನದ ಕೆಲಸಕ್ಕೆ ಬಂದರೂ ಅದು ಬೇಕು. ಕಟ್ಟಡ ಕೆಲಸದ ಜಾಗಕ್ಕೆ ಇಲ್ಲಿಯ ಕಸ್ಟಮ್ಸ್‌ನವರು ಹೇಳದೆ ಕೇಳದೆ ಬಂದು ತಪಾಸಣೆ ಮಾಡುತ್ತಾರೆ. ಟೈಲ್ಸ್ ಮಾತ್ರ ಪೋರ್ಚುಗಲ್‌ನಿಂದ ಬಂದಿದ್ದವು. ಅವುಗಳನ್ನು ಯಾರೂ ಏನೂ ಕೇಳಿರಲಿಲ್ಲ.

ಸರಕು ಬೇರೆ, ಸೇವೆ ಬೇರೆ ಎನ್ನುವುದು ನನಗೆ ಪುಸ್ತಕದಿಂದಲ್ಲ, ಆ ಬಚ್ಚಲಲ್ಲಿ ಅರ್ಥವಾಯಿತು. ಟೈಲ್ಸ್ ಕಾರ್ಖಾನೆಯಲ್ಲೇ ತಯಾರಾಗಿ ಮುಗಿದು ಬರುತ್ತದೆ. ಗೌಂಡಿಯ ಕೆಲಸ ಗೌಂಡಿ ಬಂದ ಮೇಲೆಯೇ ಶುರು. ಅವನ ಜೊತೆ ಅವನ ಕೂಲಿ, ಅವನ ಬೆನ್ನುನೋವು, ಅವನ ಮುಪ್ಪು ಎಲ್ಲ ಬರುತ್ತವೆ.

ಯುರೋಪಿನವರು 1957ರ ರೋಮ್ ಒಪ್ಪಂದದಲ್ಲೇ ಸರಕು, ಜನ, ಸೇವೆ, ಬಂಡವಾಳ ನಾಲ್ಕೂ ಮುಕ್ತವಾಗಿ ಓಡಾಡಬೇಕು ಎಂದು ಬರೆದುಕೊಂಡಿದ್ದರು. ಸರಕಿನದು ಬೇಗ ಬಗೆಹರಿಯಿತು. 1979ರಲ್ಲಿ ಫ್ರಾನ್ಸಿನ ಒಂದು ಹಣ್ಣಿನ ಮದ್ಯದ ವ್ಯಾಜ್ಯದಲ್ಲಿ ಯುರೋಪಿನ ಒಕ್ಕೂಟದ ನ್ಯಾಯಾಲಯ, ಒಂದು ದೇಶದಲ್ಲಿ ನ್ಯಾಯವಾಗಿ ಮಾರುವುದನ್ನು ಇನ್ನೊಂದು ದೇಶ ಬಲವಾದ ಕಾರಣವಿಲ್ಲದೆ ತಡೆಯುವಂತಿಲ್ಲ ಎಂದಿತು. ಸೇವೆಗೂ ಹಾಗೇ ಮಾಡೋಣ ಎಂದು 2004ರಲ್ಲಿ ಒಕ್ಕೂಟದ ಡಚ್ ಕಮಿಷನರ್ ಫ್ರಿಟ್ಸ್ ಬೋಲ್ಕೆಸ್ಟೈನ್ ಕರಡು ತಂದಾಗ ದೊಡ್ಡ ರಂಪವಾಯಿತು. ಕೆಲಸಗಾರ ಎಲ್ಲಿಗೆ ಹೋದರೂ ತನ್ನ ದೇಶದ ನಿಯಮದಂತೆಯೇ ಸೇವೆ ಕೊಡಬಹುದು ಎಂಬುದು ಅದರ ತಿರುಳು. ಅದೇ ವರ್ಷ ಪೋಲೆಂಡ್ ಸೇರಿ ಹತ್ತು ದೇಶಗಳು ಒಕ್ಕೂಟ ಸೇರಿದ್ದವು. ಕಡಿಮೆ ದರದ 'ಪೋಲೆಂಡಿನ ಪ್ಲಂಬರ್' ಬಂದು ನಮ್ಮವರ ಅನ್ನ ಕಸಿಯುತ್ತಾನೆ ಎಂಬ ಹೆದರಿಕೆ ಫ್ರಾನ್ಸಿನಲ್ಲಿ ಎಷ್ಟು ಹಬ್ಬಿತೆಂದರೆ, 2005ರ ಮೇ ತಿಂಗಳಲ್ಲಿ ಯುರೋಪಿನ ಸಂವಿಧಾನದ ಮೇಲೆ ಅಲ್ಲಿ ನಡೆದ ಜನಮತದಲ್ಲಿ ಅದೂ ಒಂದು ಮಾತಾಯಿತು. ಜನ 'ಬೇಡ' ಎಂದರು. ಪೋಲೆಂಡಿನ ಪ್ರವಾಸೋದ್ಯಮದವರು ಬಿಡಲಿಲ್ಲ. ಚೆಂದದ ಪ್ಲಂಬರ್ ಹುಡುಗನೊಬ್ಬನ ಚಿತ್ರ ಹಾಕಿ, ನಾನು ಇಲ್ಲೇ ಇರ್ತೀನಿ, ನೀವೇ ಬನ್ನಿ ಎಂಬ ಪೋಸ್ಟರ್ ಅಂಟಿಸಿದರು. ಜಗಳವನ್ನು ನಗಿಸಿ ಆರಿಸುವ ಆ ಜಾಣತನ ನಮ್ಮ ಗಡಿ ರಾಜಕಾರಣಿಗಳಿಗೆ ಯಾವಾಗ ಬಂದೀತೋ.

ಕೊನೆಗೆ 2006ರಲ್ಲಿ ಪಾಸಾದ 'ಸೇವಾ ನಿರ್ದೇಶನ' ಎಂಬ ಒಕ್ಕೂಟದ ಕಾನೂನಿನಲ್ಲಿ ಆ 'ತನ್ನ ದೇಶದ ನಿಯಮ' ಇರಲಿಲ್ಲ. ಆಸ್ಪತ್ರೆ, ಸಾರಿಗೆ, ಬ್ಯಾಂಕು ಅದರ ಹೊರಗೇ ಉಳಿದವು. ಕೂಲಿಯ ಪ್ರಶ್ನೆ ಬೇರೆ ದಾರಿ ಹಿಡಿಯಿತು. ಸ್ವೀಡನ್ನಿನ ವಾಕ್ಸ್‌ಹೋಮ್ ಎಂಬ ಊರಿನಲ್ಲಿ ಶಾಲೆ ಕಟ್ಟಲು ಲಾಟ್ವಿಯಾದ ಕಂಪನಿಯೊಂದು ತನ್ನ ಕೆಲಸಗಾರರನ್ನು ಕರೆತಂದಾಗ, ನಮ್ಮ ಕೂಲಿ ಒಪ್ಪಂದಕ್ಕೆ ಸಹಿ ಹಾಕಿರಿ ಎಂದು ಅಲ್ಲಿಯ ಸಂಘದವರು ಕೆಲಸದ ಜಾಗಕ್ಕೆ ದಿಗ್ಬಂಧನ ಹಾಕಿದ್ದರು. 2007ರಲ್ಲಿ ನ್ಯಾಯಾಲಯ ಕಂಪನಿಯ ಪರ ತೀರ್ಪು ಕೊಟ್ಟಿತು. ಸಂಘಗಳು ಆ ತೀರ್ಪನ್ನು ಮರೆಯಲಿಲ್ಲ. ಒಂದೇ ಜಾಗ, ಒಂದೇ ಕೆಲಸ, ಒಂದೇ ಕೂಲಿ ಎಂಬ ತತ್ವ, ಹೊರದೇಶಕ್ಕೆ ಕಳಿಸಿದ ಕೆಲಸಗಾರರ ಕುರಿತ ಯುರೋಪಿನ ಬೇರೊಂದು ಕಾನೂನಿನ 2018ರ ತಿದ್ದುಪಡಿಯಲ್ಲಿ ಬಂದು, 2020ರ ಜುಲೈ ಕೊನೆಯಿಂದ ಜಾರಿಯಾಯಿತು. ರೋಮ್‌ನಿಂದ ಲೆಕ್ಕ ಹಾಕಿದರೆ 63 ವರ್ಷ.

ಈಗ ನಮ್ಮ ಕಡೆಗೆ ಬರುತ್ತೇನೆ. ಭಾರತದ ಒಳಗೆ ಈ ಯಾವ ರಗಳೆಯೂ ಇಲ್ಲ ಎಂದೇ ನಾನು ತಿಳಿದಿದ್ದೆ. ಸಂವಿಧಾನದ 19ನೇ ವಿಧಿ ಯಾವ ಮೂಲೆಯಲ್ಲಾದರೂ ಕಸುಬು ಮಾಡಲು ಬಿಡುತ್ತದೆ. 2017ರ ಜುಲೈನಲ್ಲಿ ಜಿಎಸ್‌ಟಿ ಬಂದ ಮೇಲೆ ಸರಕಿನ ತೆರಿಗೆ ನಾಕಾಗಳೂ ಎದ್ದುಹೋದವು. ಗೌಂಡಿಗೆ ಮೈಸ್ಟರ್ ಸರ್ಟಿಫಿಕೇಟ್ ಯಾರೂ ಕೇಳುವುದಿಲ್ಲ. ಕೈಯಲ್ಲಿ ಕರಣೆ, ತೂಗುಗುಂಡು ಇದ್ದರೆ ಸಾಕು. ಆದರೆ ನನ್ನ ಮಾವನ ಮಗ ಗೋವಾದ ಫೋಂಡಾದಲ್ಲಿ ಕಟ್ಟಡ ಗುತ್ತಿಗೆ ಹಿಡಿಯುತ್ತಾನೆ. ಅವನ ಹತ್ತಿರ ದುಡಿಯುವ ಗೌಂಡಿಗಳು ಬಹುತೇಕ ವಿಜಯಪುರ ಜಿಲ್ಲೆಯ ತಾಂಡಾಗಳವರು. 2018ರಲ್ಲಿ ಅವರಲ್ಲೊಬ್ಬ ಎರಡನೇ ಮಹಡಿಗೆ ಕಟ್ಟಿದ್ದ ಬಿದಿರಿನ ಮೇಲಿಂದ ಬಿದ್ದು ಸೊಂಟ ಮುರಿದುಕೊಂಡ. ಅವನ ಹತ್ತಿರ ಲೇಬರ್ ಕಾರ್ಡ್ ಇತ್ತು, ಕರ್ನಾಟಕದ್ದು. ಕಟ್ಟಡದ ಖರ್ಚಿನ ಮೇಲಿನ ಶೇ. 1ರ ಸೆಸ್ ಕಟ್ಟಿದ್ದು ಗೋವಾದಲ್ಲಿ. ಆಗ ಜಾರಿಯಲ್ಲಿದ್ದ 1996ರ ಕಾನೂನಿನಂತೆ ಕಲ್ಯಾಣ ಮಂಡಳಿ ರಾಜ್ಯಕ್ಕೊಂದು. ಒಂದು ಕಡೆಯ ಕಚೇರಿಯಲ್ಲಿ "ಬಿದ್ದಿದ್ದು ಇಲ್ಲಿ ಅಲ್ಲಲ್ಲ" ಎಂದರು, ಇನ್ನೊಂದು ಕಡೆ "ಕಾರ್ಡ್ ನಮ್ಮದಲ್ಲ" ಎಂದರು. ಕೊನೆಗೆ ನನ್ನ ಮಾವನ ಮಗನೂ ತಾಂಡಾದವರೂ ಪಟ್ಟಿ ಎತ್ತಿ ಆಸ್ಪತ್ರೆ ಬಿಲ್ಲು ತುಂಬಿದರು.

ಅಂದರೆ ಆಯ್ಪೆನ್ನಿನವನ ಫೈಲು ನೋಡಿ ನಗಬಾರದಿತ್ತು. ಇಲ್ಲಿ ಮನುಷ್ಯ ಗಡಿ ದಾಟಿ ದುಡಿಯಲು ಕಾಗದ ಬೇಕು, ದಾಟಿದ ಮೇಲೆ ಅವನ ಹಕ್ಕು ಅವನ ಹಿಂದೆಯೇ ಬರುತ್ತದೆ. ನಮ್ಮಲ್ಲಿ ಮನುಷ್ಯ ಕಾಗದವಿಲ್ಲದೆ ದಾಟುತ್ತಾನೆ, ಹಕ್ಕು ಮಾತ್ರ ಊರಲ್ಲೇ ಉಳಿಯುತ್ತದೆ. ಓದಿದವರ ಕಸುಬಿನದೂ ಪೂರ್ತಿ ಸಸಾರವಲ್ಲ. ಕಾಗವಾಡದ ಹುಡುಗಿ ಕೂಗಳತೆಯ ಮಿರಜಿನಲ್ಲಿ ನರ್ಸ್ ಆಗಬೇಕಾದರೆ ಅಲ್ಲಿಯ ಮಂಡಳಿಯಲ್ಲಿ ಮತ್ತೆ ಹೆಸರು ಹಚ್ಚಬೇಕು. ವಕೀಲರದು ಮಾತ್ರ 2011ರಿಂದ ಸಲೀಸು.

ಸೇವೆ ತಾನಾಗಿಯೇ ಗಡಿ ದಾಟಿ ಬಂದಾಗ ನಾವು ಏನು ಮಾಡುತ್ತೇವೆ ಎಂಬುದನ್ನೂ ನೋಡಬೇಕು. 2023ರಲ್ಲಿ ಮಹಾರಾಷ್ಟ್ರ ಸರ್ಕಾರ ತನ್ನ ಆರೋಗ್ಯ ಯೋಜನೆಯನ್ನು ನಮ್ಮ ಗಡಿಯ 865 ಹಳ್ಳಿಗಳಿಗೆ ವಿಸ್ತರಿಸಿತು, ಕರ್ನಾಟಕ ಸಿಟ್ಟಾಯಿತು. ಆ ಯೋಜನೆಯ ಹಿಂದೆ ಗಡಿ ರಾಜಕಾರಣ ಇದ್ದದ್ದು ಯಾರಿಗೂ ಗೊತ್ತಿಲ್ಲದ್ದಲ್ಲ. ಆದರೆ ಚಂದಗಡದ ರೋಗಿ ಬೆಳಗಾವಿಯ ಆಸ್ಪತ್ರೆಗೆ ಬರುವುದು, ಅಥಣಿಯವನು ಮಿರಜಿಗೆ ಹೋಗುವುದು ಯಾವ ಯೋಜನೆಗೂ ಮೊದಲಿನಿಂದ ನಡೆದುಬಂದ ಪದ್ಧತಿ. ಬಸ್ಸಿನ ಕತೆಯೂ ಅದೇ. 2022ರ ಡಿಸೆಂಬರಿನಲ್ಲಿ ಗಲಾಟೆ ಎದ್ದಾಗ ಎರಡು ರಾಜ್ಯದ ನಡುವೆ ಬಸ್ಸು ನಿಂತವು, 2025ರ ಫೆಬ್ರುವರಿಯಲ್ಲಿ ಮತ್ತೆ ನಿಂತವು. ಟ್ರಕ್ಕಿನಲ್ಲಿ ಸಕ್ಕರೆ ಹೋಗುತ್ತಲೇ ಇತ್ತು.

ದಕ್ಷಿಣ ಏಷ್ಯಾದ ಎಂಟು ದೇಶಗಳು 2010ರಲ್ಲಿ ಥಿಂಪುವಿನಲ್ಲಿ ಕೂತು ಸೇವಾ ವ್ಯಾಪಾರದ ಒಪ್ಪಂದಕ್ಕೆ ಸಹಿ ಹಾಕಿದ್ದವು. ಆಗ ನನಗೆ ಬಹಳ ಆಸೆ ಇತ್ತು. ಈಗ ಕೇಳಿದರೆ, ಫೋಂಡಾ ಮತ್ತು ವಿಜಯಪುರದ ನಡುವಿನದು ಮೊದಲು ಸರಿಯಾಗಲಿ, ಢಾಕಾ ಆಮೇಲೆ ಎನ್ನುತ್ತೇನೆ. ಆಗದ ಕೆಲಸವೇನಲ್ಲ. ರೇಷನ್ ಕಾರ್ಡನ್ನು 2019ರಿಂದ ಶುರುಮಾಡಿ 2022ರೊಳಗೆ ಎಲ್ಲ ರಾಜ್ಯದಲ್ಲೂ ನಡೆಯುವಂತೆ ಮಾಡಿದ್ದು ನಮ್ಮವರೇ. 2020ರ ಸಾಮಾಜಿಕ ಭದ್ರತಾ ಸಂಹಿತೆಯಲ್ಲೂ, ಕಟ್ಟಡ ಕಾರ್ಮಿಕ ರಾಜ್ಯ ಬದಲಿಸಿದರೆ ಅವನು ದುಡಿಯುವ ರಾಜ್ಯದ ಮಂಡಳಿಯೇ ಅವನನ್ನು ನೋಡಿಕೊಳ್ಳಬೇಕು ಎಂಬ ಮಾತಿದೆ. ಅದು ಕೌಂಟರಿನಲ್ಲಿ ಕೂತ ಗುಮಾಸ್ತನವರೆಗೆ ಇಳಿದು ಬರಬೇಕು.

ಹೋದ ದೀಪಾವಳಿಗೆ ಊರಿಗೆ ಹೋದಾಗ ಮಾವನ ಮಗನಿಗೆ ಆ ಎ-1 ಕಾಗದದ ಫೋಟೋ ತೋರಿಸಿದೆ. ಹೆಸರು, ನಂಬರು ಮುಚ್ಚಿ ತೆಗೆಯಲು ಟೈಲ್ಸ್‌ನವನು ಒಪ್ಪಿದ್ದ. ಮಾವನ ಮಗ ಬಹಳ ಹೊತ್ತು ನೋಡಿದ.

"ಇದು ಯಾ ಭಾಷಾದಾಗ ಐತಿ?"

"ಅವರವರ ದೇಶದ ಭಾಷಾದಾಗ ಇರತೈತಿ."

"ಮತ್ತ ಈ ಕಡಿ ಸಾಹೇಬಗ ತಿಳೀಬೇಕಲ್ಲಪಾ? ನಮ್ಮ ಕಾರ್ಡು ಗೋವಾದಾಗ ತೋರಿಸಿದ್ರ, ಕನ್ನಡ ಓದಾಕ ಬರೂದಿಲ್ಲಂತ ಒಗದುಬಿಟ್ರು."

ಎಲ್ಲ ದೇಶದ ಕಾಗದದಲ್ಲೂ ಖಾನೆಗಳ ನಂಬರು ಒಂದೇ ಇರುತ್ತದೆ, ಯಾವ ನಂಬರಿನ ಖಾನೆಯಲ್ಲಿ ಏನಿರುತ್ತದೆ ಎಂಬುದು ಎಲ್ಲ ಕಚೇರಿಗೂ ಗೊತ್ತು ಎಂದೆ. ಅವನು ಫೋನು ನನ್ನ ಕೈಗೆ ಕೊಟ್ಟು, ಹೊರಗೆ ಟಂಟಂನಲ್ಲಿ ಕಾಯುತ್ತಿದ್ದ ಹುಡುಗರಿಗೆ ಬಂದೆ ಎಂದು ಕೂಗಿದ. ಅವರು ಅವತ್ತು ರಾತ್ರಿಯೇ ಫೋಂಡಾಕ್ಕೆ ಹೊರಡುವವರಿದ್ದರು.