ಒಂಬತ್ತು ಡಾಲರ್ ಕಲೆಕ್ಷನ್ ಮಾಡಿದ ಫಿಫಾ ಪಿಕ್ಚರ್

ಫುಟ್‌ಬಾಲ್ ಭ್ರಷ್ಟಾಚಾರದ ಮೇಲೆ 2020ರಲ್ಲಿ ‘ಎಲ್ ಪ್ರೆಸಿಡೆಂಟೆ’ ಅಂತ ಒಂದು ಸರಣಿ ಬಂತು. ಚಿಲಿಯ ಸಣ್ಣ ಊರಿನ ಕ್ಲಬ್ ನಡೆಸುತ್ತಿದ್ದ ಸೆರ್ಹಿಯೊ ಹಾದುವೆ ಇಡೀ ದೇಶದ ಫುಟ್‌ಬಾಲ್ ಅಧ್ಯಕ್ಷನಾಗಿ, ಲಂಚ ತಿಂದು, ಕೊನೆಗೆ ಅಮೆರಿಕದ ತನಿಖಾ ಸಂಸ್ಥೆ ಎಫ್‌ಬಿಐ ಮುಂದೆ ಬಾಯಿಬಿಟ್ಟ ಕಥೆ. ಅದನ್ನು ಹೇಳುವವನು ಅರ್ಜೆಂಟೀನಾ ಫುಟ್‌ಬಾಲ್ ಸಂಸ್ಥೆಯ ಅಧ್ಯಕ್ಷನಾಗಿದ್ದ ಹೂಲಿಯೊ ಗ್ರೊಂಡೊನಾ. ಆತ 2014ರಲ್ಲೇ ತೀರಿಕೊಂಡಿದ್ದ. ಜಾಣತನವೇ ಬಿಡಿ, ಸತ್ತವನಾದರೆ ವಕೀಲರನ್ನು ಕೇಳಿಕೊಂಡು ಮಾತಾಡಬೇಕಿಲ್ಲ.

ಆದರೆ ನನಗೆ ಇಷ್ಟವಾದ ನಾಟಕ ಬೇರೆ, ಅದೊಂದು ಸಿನಿಮಾ. ಅದಕ್ಕೆ ಬಹುಪಾಲು ದುಡ್ಡು ಹಾಕಿದ್ದು ಸ್ವತಃ ವಿಶ್ವ ಫುಟ್‌ಬಾಲ್ ಸಂಸ್ಥೆ ಫಿಫಾ. ಹೆಸರು ‘ಯುನೈಟೆಡ್ ಪ್ಯಾಷನ್ಸ್’. ಅದರಲ್ಲಿ ನಟ ಟಿಮ್ ರಾತ್ ಅವರೇ ಆಗಿನ ಫಿಫಾ ಅಧ್ಯಕ್ಷ ಸೆಪ್ ಬ್ಲಾಟರ್, ಮತ್ತು ಬ್ಲಾಟರ್ ಅವರೇ ಲಂಚದ ವಿರುದ್ಧ ಗುಡುಗುವ ಹೀರೋ!

ಅಮೆರಿಕದಲ್ಲಿ ಅದು ಬಿಡುಗಡೆಯಾದ ಮುಹೂರ್ತ ನೋಡಿ. 2015ರ ಮೇ 27ರ ಬೆಳಗ್ಗೆ ಜ್ಯೂರಿಕ್‌ನ ಬೌರ್ ಓ ಲಾಕ್ ಹೋಟೆಲಿಗೆ ಪೊಲೀಸರು ನುಗ್ಗಿ ಲಂಚದ ಆರೋಪದ ಮೇಲೆ ಏಳು ಜನ ಫುಟ್‌ಬಾಲ್ ಪದಾಧಿಕಾರಿಗಳನ್ನು ಹಿಡಿದರು, ಕ್ಯಾಮೆರಾಗೆ ಮುಖ ಕಾಣದಿರಲಿ ಅಂತ ಹೋಟೆಲಿನವರು ಬೆಡ್‌ಶೀಟ್ ಹಿಡಿದು ಮಾನ ಮುಚ್ಚಿದರು. ಮೇ 29ಕ್ಕೆ ಬ್ಲಾಟರ್ ಅಧ್ಯಕ್ಷ ಚುನಾವಣೆಯಲ್ಲಿ ಮತ್ತೆ ಗೆದ್ದರು. ಜೂನ್ 2ಕ್ಕೆ, ಇಳಿಯುತ್ತೇನೆ ಅಂದರು. ಜೂನ್ 5ಕ್ಕೆ ಪಿಕ್ಚರ್ ರಿಲೀಸ್! ಇಂಥ ಪ್ರಚಾರ ಯಾವ ನಿರ್ಮಾಪಕನಿಗೆ ಸಿಗುತ್ತದೆ ಹೇಳಿ.

ಕಲೆಕ್ಷನ್ 918 ಡಾಲರ್. ಫೀನಿಕ್ಸ್‌ನ ಒಂದು ಥಿಯೇಟರಿನಲ್ಲಿ 9 ಡಾಲರ್, ಅಂದರೆ ಒಂದೇ ಟಿಕೆಟ್. ಜನ ಸೇರಿಸುವುದು ಗೊತ್ತಿಲ್ಲದ ಸಂಸ್ಥೆಯೇನಲ್ಲ ಅದು. 2011ರಲ್ಲಿ ಫಿಫಾ ಅಧ್ಯಕ್ಷ ಚುನಾವಣೆಗೆ ಮುಂಚೆ ಟ್ರಿನಿಡಾಡ್‌ನ ಪೋರ್ಟ್ ಆಫ್ ಸ್ಪೇನ್‌ನ ಹೋಟೆಲಿನಲ್ಲಿ ಕೆರಿಬಿಯನ್ ಪ್ರತಿನಿಧಿಗಳಿಗೆ ತಲಾ 40,000 ಡಾಲರ್ ತುಂಬಿದ ಕವರ್ ಹಂಚಿದ್ದರಲ್ಲ, ಅದೇ ಪದ್ಧತಿ ಇಲ್ಲೂ ಪಾಲಿಸಿದ್ದರೆ ನೂರು ದಿನ ಓಡುತ್ತಿತ್ತು.

ಆ ಕವರ್ ಪ್ರಕರಣದಲ್ಲಿ ಹೆಸರು ಕೇಳಿಬಂದ, ಫಿಫಾ ಉಪಾಧ್ಯಕ್ಷರಾಗಿದ್ದ ಟ್ರಿನಿಡಾಡ್‌ನ ಜಾಕ್ ವಾರ್ನರ್ ಅಂತೂ ನಮ್ಮಂಥವರ ಹೊಟ್ಟೆ ಮೇಲೆ ಹೊಡೆದವರು. 2015ರ ಕೇಸೆಲ್ಲ ಅಮೆರಿಕದ್ದೇ ಪಿತೂರಿ ಅಂತ ತೋರಿಸಲು ಅವರು ವಿಡಿಯೊದಲ್ಲಿ ಒಂದು ಸುದ್ದಿಯ ಪ್ರಿಂಟ್ ಹಿಡಿದರು. ಅದು ‘ದಿ ಆನಿಯನ್’ ಎಂಬ ವಿಡಂಬನೆ ಪತ್ರಿಕೆಯ ಜೋಕು. ಆರೋಪಿಯೇ ಹೀಗೆ ಕೆಲಸಕ್ಕೆ ಇಳಿದರೆ ವಿಡಂಬನೆ ಬರೆಯುವವರು ಎಲ್ಲಿಗೆ ಹೋಗಬೇಕು?

2015ರ ಡಿಸೆಂಬರ್ 3ಕ್ಕೆ ಮತ್ತೆ ದಾಳಿ, ಮತ್ತೆ ಅದೇ ಜ್ಯೂರಿಕ್ ಹೋಟೆಲ್. ಹೋಟೆಲ್ ಬದಲಾಯಿಸುವ ಬುದ್ಧಿಯೂ ಬರಲಿಲ್ಲ ಅಂದರೆ ಅಲ್ಲಿನ ತಿಂಡಿ ಅಷ್ಟು ಚೆನ್ನಾಗಿರಬೇಕು.

ಈಗ ಎಲ್ಲ ಸುಧಾರಿಸಿದೆಯಂತೆ. 2034ರ ವಿಶ್ವಕಪ್‌ಗೆ ಅರ್ಜಿ ಹಾಕಿದ್ದು ಸೌದಿ ಅರೇಬಿಯಾ ಒಂದೇ. 2024ರ ಡಿಸೆಂಬರ್‌ನಲ್ಲಿ ಸದಸ್ಯರು ಪರದೆ ಮೇಲೆ ಕೂತು ಚಪ್ಪಾಳೆ ತಟ್ಟಿದರು, ಆಯ್ಕೆ ಮುಗಿಯಿತು. ಮತ ಎಣಿಸುವ ತಾಪತ್ರಯವೇ ಇಲ್ಲ. ಮತವೇ ಇಲ್ಲದ ಮೇಲೆ ಅದನ್ನು ಕೊಳ್ಳುವವರು ಯಾರು? ಭ್ರಷ್ಟಾಚಾರ ತೊಲಗಿಸಲು ಇಷ್ಟು ಸುಲಭದ ದಾರಿ ಇದೆ ಅಂತ ಪಾಪ, ಎಫ್‌ಬಿಐಗೂ ಹೊಳೆದಿರಲಿಲ್ಲ.