ಶೇಕಡಾ 12ರ ಅಭಿಮನ್ಯು

ನಂತೂರಿನಲ್ಲಿಯೋ ಪಡುಬಿದ್ರಿಯಲ್ಲಿಯೋ ರಾಷ್ಟ್ರೀಯ ಹೆದ್ದಾರಿ 66ರ ಮೇಲೆ ಬಿದ್ದು ಮೊಣಕಾಲು ಮುರಿದುಕೊಂಡವರು ತಮ್ಮ ದೇಹದ ಕುರಿತು ಅದುವರೆಗೆ ತಿಳಿಯದಿದ್ದ ಸಂಗತಿಯೊಂದನ್ನು ಮೋಟಾರು ವಾಹನ ಅಪಘಾತ ಪರಿಹಾರ ನ್ಯಾಯಮಂಡಳಿಯಲ್ಲಿ ತಿಳಿದುಕೊಳ್ಳುತ್ತಾರೆ. ಮೂಳೆ ತಜ್ಞರು ಸಾಕ್ಷಿಕಟ್ಟೆ ಹತ್ತಿ, ಬಲಗಾಲಿಗೆ ಶೇಕಡಾ 36ರಷ್ಟು ಶಾಶ್ವತ ಅಂಗವೈಕಲ್ಯವಿದೆ ಎಂದು ನುಡಿದರೆ, ಅದನ್ನು ಮೂರರಿಂದ ಭಾಗಿಸಿ ಇಡೀ ದೇಹಕ್ಕೆ ಶೇಕಡಾ 12 ಎಂದು ಹಿಡಿಯುವುದು ನಮ್ಮಲ್ಲಿ ಬಹುಕಾಲದಿಂದ ನಡೆದುಬಂದ ರೂಢಿ. ಕೈಗೂ ಇದೇ ಲೆಕ್ಕ. ಎರಡು ಕೈ, ಎರಡು ಕಾಲು, ಒಂದೊಂದೂ ದೇಹದ ಮೂರನೆಯ ಒಂದು ಪಾಲು ಎಂದಾದರೆ, ರುಂಡಮುಂಡಗಳನ್ನು ಎಣಿಸುವ ಮೊದಲೇ ಮನುಷ್ಯನು ಶೇಕಡಾ 133 ಆಗಿಬಿಡುತ್ತಾನೆ. ಇಷ್ಟು ಉದಾರವಾಗಿ ದೇಹವನ್ನು ಅಳೆದ ಶಾಸ್ತ್ರವು ಪರಿಹಾರದ ಹೊತ್ತಿಗೆ ಮಾತ್ರ ಏಕೆ ಕೈ ಬಿಗಿ ಹಿಡಿಯುತ್ತದೆಯೋ!

ಕಾನೂನು ಹೀಗೆ ಹೇಳಿದೆಯೇ ಎಂದರೆ, ಇಲ್ಲ. ಒಂದು ಅಂಗದ ಊನವೇ ಇಡೀ ದೇಹದ ಊನವಲ್ಲ ಎಂದು ಸುಪ್ರೀಂ ಕೋರ್ಟು 2010ರ ತೀರ್ಪೊಂದರಲ್ಲಿ ಹೇಳಿದ್ದು ನಿಜ. ಆದರೆ ಅದೇ ತೀರ್ಪು, ಗಾಯಾಳುವು ಯಾವ ಕೆಲಸ ಮಾಡುತ್ತಿದ್ದ, ಆ ಕೆಲಸವನ್ನು ಇನ್ನು ಮಾಡಬಲ್ಲನೇ ಎಂಬುದನ್ನು ನೋಡಿಯೇ ಗಳಿಕೆಯ ನಷ್ಟವನ್ನು ನಿರ್ಧರಿಸಬೇಕೆಂದೂ, ಎಡಗೈ ಕಳೆದುಕೊಂಡ ಗುಮಾಸ್ತನ ನೌಕರಿ ಉಳಿಯಬಹುದಾದರೂ ಬಡಗಿಗೋ ಚಾಲಕನಿಗೋ ನಷ್ಟವು ಬಹುತೇಕ ಪೂರ್ಣವೇ ಆಗಬಹುದೆಂದೂ ಬಿಡಿಸಿ ಹೇಳಿದೆ. ಮೊದಲರ್ಧವನ್ನು ಎಲ್ಲರೂ ಬಾಯಿಪಾಠ ಮಾಡಿದರು. ಉಳಿದರ್ಧವನ್ನು ಓದುವಷ್ಟರಲ್ಲಿ ಮುಂದಿನ ಕೇಸನ್ನು ಕರೆದಿರಬೇಕು.

ನಮ್ಮ ಕರಾವಳಿಯಲ್ಲಿ ಈ ಭಾಗಾಕಾರದ ಸೊಬಗು ಇನ್ನಷ್ಟು ಮೆರೆಯುತ್ತದೆ. ಯಕ್ಷಗಾನ ಮೇಳದಲ್ಲಿ ಪುಂಡುವೇಷ, ಅಂದರೆ ಅಭಿಮನ್ಯುವಿನಂಥ ತರುಣ ವೀರರ ಪಾತ್ರ, ಹಾಕುವ ಮೂವತ್ತಮೂರರ ಕಲಾವಿದರೊಬ್ಬರು ಬೆಳಗಿನ ಜಾವ ಆಟ ಮುಗಿಸಿ ಬೈಕಿನಲ್ಲಿ ಮನೆಗೆ ಮರಳುವಾಗ, ಟೈಮಿಂಗ್‌ನ ಹೆಸರಿನಲ್ಲಿ ಹಾರಿ ಬರುತ್ತಿದ್ದ ಬಸ್ಸೊಂದು ಅವರಿಗೆ ಗುದ್ದಿತೆಂದು ಇಟ್ಟುಕೊಳ್ಳೋಣ. ಮೊಣಕಾಲು ಪೂರ್ತಿ ಮಡಚುವುದಿಲ್ಲ. ಗಿರಗಿರನೆ ತಿರುಗುತ್ತ ಹಾರುವ ಧಿಗಿಣ ಹೊಡೆಯಲಾಗದು, ಮಂಡಿ ಹಾಕಲಾಗದು. ಚಕ್ರವ್ಯೂಹ ಹೊಕ್ಕ ಅಭಿಮನ್ಯು ಕುರ್ಚಿ ತರಿಸಿಕೊಂಡು ಕೂತರೆ ಪ್ರೇಕ್ಷಕರು ಬಣ್ಣದ ಮನೆಯಾದ ಚೌಕಿಗೇ ಬಂದು ವಿಚಾರಿಸುತ್ತಾರೆ. ಆದರೆ ನ್ಯಾಯಮಂಡಳಿಯ ಗಣಿತದಂತೆ ಅವರು ಕುಣಿಯಲಾರದ್ದು ಶೇಕಡಾ 12 ಮಾತ್ರ. ಉಳಿದ 88 ಪಾಲು ಅಭಿಮನ್ಯು ಗೆಜ್ಜೆ ಕಟ್ಟಿ ಸಿದ್ಧನಾಗಿಯೇ ಇದ್ದಾನೆ. ಕಿರೀಟ ಹೊರುವ ತಲೆ ಸರಿಯಿದೆ, ಅರ್ಥ ಹೇಳುವ ನಾಲಗೆ ಸರಿಯಿದೆ, ಬಣ್ಣ ಹಚ್ಚುವ ಮುಖಕ್ಕೆ ಒಂದು ಗೀರೂ ಬಿದ್ದಿಲ್ಲ.

ಇನ್ನು ಆದಾಯ. ಸಂಬಳದ ಚೀಟಿ ಇಲ್ಲದವರಿಗೆ ಲೋಕ್ ಅದಾಲತ್ತಿನ ಅಂದಾಜು ಆದಾಯದ ಕೋಷ್ಟಕವೇ ಯಜಮಾನ: ಅಪಘಾತವು 2015ರದ್ದಾದರೆ ತಿಂಗಳಿಗೆ 9,000 ರೂಪಾಯಿ. ಕಾಲಿಗೆ ತಳೆ ಕಟ್ಟಿ ಅಡಿಕೆ ಮರ ಹತ್ತಿ ಮದ್ದು ಬಿಡುವವರ ಕೂಲಿ ಎಷ್ಟೆಂಬುದು ತೋಟ ಇರುವ ಎಲ್ಲರಿಗೂ ಗೊತ್ತು, ಅವರಿಗೂ ಇದೇ 9,000. ವರ್ಷದ ಆದಾಯವನ್ನು ಎಷ್ಟರಿಂದ ಗುಣಿಸಬೇಕೆಂದು ವಯಸ್ಸಿಗೆ ತಕ್ಕಂತೆ ಹೇಳುವ ಗುಣಕವು ಸುಪ್ರೀಂ ಕೋರ್ಟಿನ 2009ರ ತೀರ್ಪಿನ ಪ್ರಕಾರ 16. ಹನ್ನೆರಡು ತಿಂಗಳಿಂದಲೂ ಹದಿನಾರರಿಂದಲೂ ಗುಣಿಸಿದಾಗ ಬರುವ 17,28,000 ರೂಪಾಯಿಯಲ್ಲಿ ಶೇಕಡಾ 12ನ್ನು ತೆಗೆದರೆ 2,07,360 ರೂಪಾಯಿ. ನೋವು, ಆಸ್ಪತ್ರೆ ಖರ್ಚುಗಳ ಬಾಬ್ತು ಬೇರೆ. ಇನ್ನು ಮುಂದೆ ಕುಣಿಯಲಾಗದ ಅಷ್ಟೂ ತಿರುಗಾಟಗಳ ಬೆಲೆ ಮಾತ್ರ ಇಷ್ಟು.

ಇಷ್ಟಾದರೂ ಸುಲಭವಾಗಿ ಸಿಗುವುದೆಂದು ಭಾವಿಸಬಾರದು. ವಿಮಾ ಕಂಪನಿಯ ವಕೀಲರು ಪಾಟೀಸವಾಲಿಗೆ ಎದ್ದು ನಿಲ್ಲುತ್ತಾರೆ. ಅವರು ಮುಂದಿಟ್ಟ ಮಾತು, ಅದಕ್ಕೆ ವೈದ್ಯರು ಕೊಟ್ಟ ಉತ್ತರ, ಎರಡೂ ಸೇರಿ ಸಾಕ್ಷಿಯ ಬಾಯಿಮಾತಾಗಿ ಹೀಗೆ ದಾಖಲಾಗುತ್ತವೆ: ಮೂಳೆ ಕೂಡಿದೆ ಎಂದರೆ ಸರಿ. ನಾನೇ ಚಿಕಿತ್ಸೆ ನೀಡಿದ ವೈದ್ಯನಲ್ಲ ಎಂದರೆ ಸರಿ. ಅರ್ಜಿದಾರರಿಗೆ ಅನುಕೂಲವಾಗಲೆಂದು ಅಂಗವೈಕಲ್ಯವನ್ನು ಹೆಚ್ಚಿಸಿ ಹೇಳಿದ್ದೇನೆ ಎಂದರೆ ಸರಿಯಲ್ಲ. ನಂತರ ಅರ್ಜಿದಾರರ ಸರದಿ: ಇಂದು ನ್ಯಾಯಾಲಯದ ಮೆಟ್ಟಿಲನ್ನು ನಾನೇ ಹತ್ತಿ ಬಂದಿದ್ದೇನೆ ಎಂದರೆ ಸರಿ. ಸತ್ಯ ಹೇಳುತ್ತೇನೆಂದು ಪ್ರಮಾಣ ಮಾಡಿದ ಮೇಲೆ ಬೇರೇನು ಹೇಳಲು ಸಾಧ್ಯ? ತೆವಳಿಕೊಂಡು ಬಂದಿದ್ದರೆ ಒಂದೆರಡು ಶೇಕಡಾ ಏರುತ್ತಿತ್ತೋ ಏನೋ.

ಆ ಮೆಟ್ಟಿಲನ್ನೇ ಆಧಾರವಾಗಿಟ್ಟುಕೊಂಡು, ಶೇಕಡಾ 12 ವಿಪರೀತವಾಯಿತೆಂದು ಕಂಪನಿಯು ಹೈಕೋರ್ಟಿಗೆ ಮೇಲ್ಮನವಿ ಸಲ್ಲಿಸುತ್ತದೆ. ಮಂಗಳೂರು, ಉಡುಪಿಯವರ ಪಾಲಿನ ಹೈಕೋರ್ಟು ಇರುವುದು ಘಾಟಿಯಾಚೆ ಬೆಂಗಳೂರಿನಲ್ಲಿ. ವಕಾಲತ್ತಿಗೆ ಸಹಿ ಹಾಕಲು ಹೊರಟ ಕಲಾವಿದರು ಅಂಗವಿಕಲರ ರಿಯಾಯಿತಿ ಪಾಸನ್ನು ವಿಚಾರಿಸಿದರೆ, ಅದಕ್ಕೆ ಕನಿಷ್ಠ ಶೇಕಡಾ 40 ಇರಬೇಕೆಂಬ ಉತ್ತರ ಸಿಗುತ್ತದೆ. ಶೇಕಡಾ 12ರವರಿಗೆ ಪೂರ್ತಿ ಟಿಕೆಟು. ಟಿಕೆಟನ್ನು ಮೂರರಿಂದ ಭಾಗಿಸುವ ರೂಢಿ ಇನ್ನೂ ಬಂದಿಲ್ಲ.