ಅಳಿಲಿಗೂ ಮಾನ ಉಂಟು ಸ್ವಾಮಿ

ಸ್ಪಾಂಜ್‌ಬಾಬ್ ಕಾರ್ಟೂನಿನಲ್ಲಿ ಸ್ಯಾಂಡಿ ಅಂತ ಒಂದು ಅಳಿಲಿದೆ. ಸಮುದ್ರದ ತಳದಲ್ಲಿ ಗುಮ್ಮಟ ಕಟ್ಟಿಕೊಂಡು, ಒಳಗೆ ಗಾಳಿ ತುಂಬಿಸಿಕೊಂಡು, ಯಾರ ಗೊಡವೆಯೂ ಇಲ್ಲದೆ ಬದುಕುತ್ತಿದೆ. ಹೊರಗೆ ಹೊರಟರೆ ಅಡಿಯಿಂದ ಮುಡಿವರೆಗೆ ದಪ್ಪ ಸೂಟು, ತಲೆಗೆ ಹೆಲ್ಮೆಟ್. ಮನೆಯೊಳಗೆ ಮಾತ್ರ ಬಿಕಿನಿ. ಮೈತುಂಬ ಕಂದು ಕೂದಲಿರುವ ಪ್ರಾಣಿಗೆ ಅದೇ ಜಾಸ್ತಿ, ಅಲ್ವಾ? ಇಂಡೋನೇಷ್ಯಾದ ಟಿವಿಯವರಿಗೆ ಸಾಲಲಿಲ್ಲ. 2016ರ ಹೊತ್ತಿಗೆ ಅಳಿಲಿನ ಕುತ್ತಿಗೆಯ ಕೆಳಗೆ ಒಂದು ಮಸುಕು ಮೋಡ ಬಂದು ಕೂತಿತು. ಡೋರೆಮಾನ್‌ನಲ್ಲಿ ಈಜುಡುಗೆ ತೊಟ್ಟ ಶಿಜುಕಾಗೂ ಅದೇ ಗತಿ. ಹಾಲು ಕರೆಯುವ ದೃಶ್ಯದಲ್ಲಿ ಹಸುವಿನ ಕೆಚ್ಚಲೂ ಬ್ಲರ್ ಆಯಿತು ಅಂತ ಜನ ಸ್ಕ್ರೀನ್‌ಶಾಟ್ ಹಂಚಿಕೊಂಡು ಹೊಟ್ಟೆ ಹುಣ್ಣಾಗುವಂತೆ ನಕ್ಕರು.

ಅದೇ ವರ್ಷ ಪುತೆರಿ ಇಂಡೋನೇಷ್ಯಾ ಸೌಂದರ್ಯ ಸ್ಪರ್ಧೆಯ ಹುಡುಗಿಯರು ಕೆಬಾಯಾ ಉಟ್ಟು ಬಂದರು. ಕೆಬಾಯಾ ಅಂದರೆ ಹೊರಗಿನಿಂದ ಬಂದ ಫ್ಯಾಷನ್ ಏನಲ್ಲ, ಅಲ್ಲಿನ ಅಜ್ಜಿಯರು ಮದುವೆಮನೆಗೆ ಹಾಕಿಕೊಂಡು ಹೋಗುವ ರವಿಕೆ. ಅದನ್ನೂ ಮಸುಕು ಮಾಡಿದರು. ರಾಷ್ಟ್ರೀಯ ಉಡುಗೆ ಅಂತ ಹೆಮ್ಮೆ ಪಡುವುದನ್ನೇ ರಾಷ್ಟ್ರಕ್ಕೆ ತೋರಿಸಬಾರದಂತೆ!

ಇದನ್ನೆಲ್ಲ ಮಾಡಿದವರು ಯಾರು? ತಮಾಷೆ ಇರುವುದೇ ಇಲ್ಲಿ. ಕೆಪಿಐ ಅಂತ ಒಂದು ಪ್ರಸಾರ ಆಯೋಗವಿದೆ. 2002ರ ಕಾಯ್ದೆಯಿಂದ ಹುಟ್ಟಿದ್ದು, ಸಂಸತ್ತು ಆರಿಸಿದ ಒಂಬತ್ತು ಜನ ಅದರಲ್ಲಿ ಕೂತಿರುತ್ತಾರೆ. ಜನ ಅವರ ಮೇಲೆ ಮುಗಿಬಿದ್ದಾಗ, "ಬ್ಲರ್ ಮಾಡಿ ಅಂತ ನಾವು ಹೇಳಿಯೇ ಇಲ್ಲ, ಚಾನೆಲ್‌ನವರೇ ಮಾಡಿಕೊಂಡಿದ್ದು" ಅಂದುಬಿಟ್ಟರು. ಚಾನೆಲ್‌ನವರನ್ನು ಕೇಳಿದರೆ ನೋಟಿಸಿನ ಭಯ. ಹೊಡೆಯದ ಮೇಷ್ಟರಿಗೆ ಹೆದರಿ ಇಡೀ ತರಗತಿ ಮೊದಲೇ ಬೆಂಚಿನ ಮೇಲೆ ನಿಂತ ಹಾಗೆ. ಆದರೆ ಮೇಷ್ಟರು ಹೊಡೆಯುವುದೇ ಇಲ್ಲ ಅಂತಲೂ ಅಲ್ಲ. 2019ರಲ್ಲಿ ಸ್ಪಾಂಜ್‌ಬಾಬ್ ಸಿನಿಮಾ ತೋರಿಸಿದ ಚಾನೆಲ್‌ಗೆ ಎಚ್ಚರಿಕೆಯ ಪತ್ರ ಹೋಯಿತು. ಆರೋಪ? ಹಿಂಸೆ. ಮುಖಕ್ಕೆ ಕೇಕ್ ಎಸೆದದ್ದು.

ಅದೇ ವರ್ಷ ಫೆಬ್ರವರಿಯಲ್ಲಿ ಪಶ್ಚಿಮ ಜಾವಾದ ಪ್ರಾಂತೀಯ ಆಯೋಗ ಎಡ್ ಶೀರನ್, ಬ್ರೂನೋ ಮಾರ್ಸ್ ಮುಂತಾದವರ 17 ಇಂಗ್ಲಿಷ್ ಹಾಡುಗಳನ್ನು ರಾತ್ರಿ 10ರಿಂದ ಬೆಳಗಿನ ಜಾವ 3ರವರೆಗೆ ಮಾತ್ರ ಹಾಕಬೇಕು ಅಂತ ಆದೇಶ ಮಾಡಿತು. ರಾತ್ರಿ ಹನ್ನೊಂದಕ್ಕೆ ರೇಡಿಯೋ ಕೇಳುತ್ತಾ ಎದ್ದಿರುವವರು ಯಾರು ಅಂತ ಅವರ ಮನೆಯ ಮಕ್ಕಳನ್ನೇ ಒಮ್ಮೆ ಕೇಳಬಹುದಿತ್ತು. ಫೋನಿನಲ್ಲಿ ಅದೇ ಹಾಡು ಮಧ್ಯಾಹ್ನವೂ ಸಿಗುತ್ತದೆ ಅನ್ನುವುದನ್ನು ಬಿಡಿ, ಅದು ಆಯೋಗದ ವ್ಯಾಪ್ತಿಗೆ ಬರುವುದಿಲ್ಲ.

ಕಾಯಿಲೆ ಹಳೆಯದು. ದೇಶದ ಮೊದಲ ಅಧ್ಯಕ್ಷ ಸುಕರ್ನೊ ಕಾಲದಲ್ಲಿ ಪಾಶ್ಚಾತ್ಯ ಸಂಗೀತಕ್ಕೆ 'ಙಕ್-ಙಿಕ್-ಙೊಕ್' ಅಂತ ಹೆಸರಿಟ್ಟು, 1965ರಲ್ಲಿ ಬೀಟಲ್ಸ್ ಹಾಡು ನುಡಿಸಿದರು ಅಂತ ಕೂಸ್ ಬೆರ್ಸೌದಾರಾ ಅನ್ನುವ ಅಣ್ಣತಮ್ಮಂದಿರ ತಂಡವನ್ನು ಜಕಾರ್ತಾದ ಜೈಲಿಗೆ ಹಾಕಿದ್ದರು. ಅವರು ಹೊರಗೆ ಬಂದು ಜೈಲಿನ ಮೇಲೇ ಹಾಡು ಕಟ್ಟಿದರು. 2003ರಲ್ಲಿ ಇನುಲ್ ದಾರಾತಿಸ್ತಾ ಅನ್ನುವ ದಂಗ್ದುತ್ (ಅಲ್ಲಿನ ಜನಪ್ರಿಯ ಕುಣಿತದ ಸಂಗೀತ) ಗಾಯಕಿ ಸೊಂಟ ತಿರುಗಿಸಿದ್ದಕ್ಕೆ 'ದಂಗ್ದುತ್ ರಾಜ' ರೋಮಾ ಇರಾಮಾ ಕೆಂಡವಾಗಿ, ನನ್ನ ಹಾಡು ಹಾಡಬೇಡ ಅಂದರು. ಇನುಲ್ ಇನ್ನಷ್ಟು ಫೇಮಸ್ ಆದಳು.

ಸರಿ, ಇಷ್ಟು ಸೂಕ್ಷ್ಮ ಕಣ್ಣಿನವರಿಗೆ ಏನೂ ತಪ್ಪಿಹೋಗುವುದಿಲ್ಲ ಅಂದುಕೊಳ್ಳುತ್ತೀರಿ. 2021ರ ಮೇ ತಿಂಗಳಲ್ಲಿ ಒಂದು ಧಾರಾವಾಹಿ ಶುರುವಾಯಿತು. ನಡುವಯಸ್ಸಿನ ಗಂಡಸಿನ ಮೂರನೇ ಹೆಂಡತಿಯ ಪಾತ್ರ ಮಾಡಿದ ಹುಡುಗಿಗೆ 15 ವರ್ಷ. ಇದಕ್ಕೆ ಮೋಡವೂ ಬರಲಿಲ್ಲ, ಮಸುಕೂ ಬರಲಿಲ್ಲ, ಸ್ಫಟಿಕದಷ್ಟು ಸ್ಪಷ್ಟವಾಗಿ ಪ್ರಸಾರವಾಯಿತು. ಜನ ಬೊಬ್ಬೆ ಹಾಕಿದ ಮೇಲೆ ಚಾನೆಲ್‌ನವರು ನಟಿಯನ್ನು ಬದಲಿಸುತ್ತೇವೆ ಅಂದರು. ಕಥೆ ಬದಲಿಸುವ ಮಾತಲ್ಲ, ನಟಿಯನ್ನು!

ಸೆಪ್ಟೆಂಬರ್ ಬಂತು. ಅಪ್ರಾಪ್ತ ಹುಡುಗನ ಮೇಲಿನ ಲೈಂಗಿಕ ದೌರ್ಜನ್ಯಕ್ಕೆ ಶಿಕ್ಷೆಯಾಗಿದ್ದ ದಂಗ್ದುತ್ ಗಾಯಕ ಸೈಪುಲ್ ಜಮೀಲ್ ಜೈಲಿನಿಂದ ಹೊರಬಂದ. ಕೊರಳಿಗೆ ಹೂವಿನ ಹಾರ, ತೆರೆದ ಕಾರಿನಲ್ಲಿ ಮೆರವಣಿಗೆ, ಹಿಂದೆಯೇ ಟಿವಿ ಶೋ. ಲಕ್ಷಾಂತರ ಜನ ಅರ್ಜಿಗೆ ಸಹಿ ಹಾಕಿದರು. ಆಯೋಗ ಚಾನೆಲ್‌ಗಳಿಗೆ ಪತ್ರ ಬರೆದು, ಇಂಥವರನ್ನು ಮೆರೆಸಬೇಡಿ ಅಂದಿತು. ಅಷ್ಟಕ್ಕೇ ಬಾಯಿ ಮುಚ್ಚಿಕೊಂಡಿದ್ದರೆ ಮರ್ಯಾದೆ ಉಳಿಯುತ್ತಿತ್ತು. ಆದರೆ ಆಯೋಗದ ಅಧ್ಯಕ್ಷರು ಪಾಡ್‌ಕಾಸ್ಟಿನಲ್ಲಿ ಕೂತು, ಶಿಕ್ಷಣದ ಉದ್ದೇಶಕ್ಕಾದರೆ ಆತ ಟಿವಿಗೆ ಬರಬಹುದು ಅಂದರು. ಅಪಾಯದ ಬಗ್ಗೆ ತಿಳಿವಳಿಕೆ ಕೊಡೋಕಂತೆ. ಹಾಗಿದ್ದರೆ ಆ ಅಳಿಲನ್ನೂ ಜೀವಶಾಸ್ತ್ರದ ಪಾಠ ಅಂತ ಬಿಡಬಹುದಿತ್ತಲ್ಲ ಸ್ವಾಮಿ?

ನನಗೆ ಚಿಂತೆ ಇರುವುದು ಸೆಮಾರ್‌ನದು. ಜಾವಾದ ವಾಯಾಂಗ್ ತೊಗಲುಗೊಂಬೆ ಆಟದಲ್ಲಿ ಪಾಂಡವರ ಪಕ್ಕದಲ್ಲೇ ಇರುವ ವಿದೂಷಕ ಅವನು, ನಮ್ಮ ಕಿಳ್ಳೇಕ್ಯಾತನ ದೂರದ ನೆಂಟ ಅನ್ನಿ. ಡೊಳ್ಳು ಹೊಟ್ಟೆ, ಜೋಲುವ ಎದೆ, ಗಂಡೋ ಹೆಣ್ಣೋ ಹೇಳಲಾಗದ ಮೈ. ಮೂಲದಲ್ಲಿ ದೇವರು, ಅಸ್ತ್ರ ಮಾತ್ರ ಹೂಸು. ದೇವತೆಗಳೇ ಮೂಗು ಮುಚ್ಚಿಕೊಂಡು ಓಡಬೇಕು. ಇದೆಲ್ಲ ಸೇರಿಯೇ ವಾಯಾಂಗ್ ಯುನೆಸ್ಕೋ ಪಟ್ಟಿಯಲ್ಲಿದೆ. ಎದೆಗೆ ಬ್ಲರ್ ಹಾಕಬಹುದು, ಹೂಸಿಗೆ ಎಲ್ಲಿ ಹಾಕುತ್ತೀರಿ? ಪುಣ್ಯಕ್ಕೆ ವಿದೂಷಕರ ದೊಡ್ಡ ದೃಶ್ಯ ಶುರುವಾಗುವುದೇ ನಡುರಾತ್ರಿಯ ಹೊತ್ತಿಗೆ. ಹತ್ತರಿಂದ ಮೂರರ ಒಳಗೆ, ಆಯೋಗದ ಟೈಮ್‌ಟೇಬಲ್ ಪ್ರಕಾರವೇ!